‘ತಾಳು’ ಎಂದರೆ ತಾಳುವ ಗಡಿಯಾರ: ಗಳಿಗೆಗೊರಳು ಕಟ್ಟುವ ಬಗೆ

‘ಹುಡುಗ ಗಳಿಗೆಗೊರಳನ್ನು ಬಾಯಿಗೆ ಹಿಡಿದು ಕೂಗುತ್ತಾನೆ. ಕಾಲ ನಿಲ್ಲುತ್ತದೆ.’

ನಾಟಕದ ಹಸ್ತಪ್ರತಿಯಲ್ಲಿ ಇದ್ದದ್ದು ಇಷ್ಟೇ. ಗಳಿಗೆಗೊರಳು ಎಂದರೆ ಕೂಗಿದಷ್ಟು ಹೊತ್ತು ಕಾಲವನ್ನು ಹಿಡಿದಿಡುವ ಒಂದು ಕಲ್ಪನೆಯ ಸಾಧನ. ಬರೆದವರು ನಮ್ಮ ನಿರ್ದೇಶಕಿ. ಬರೆಯಲು ಅವರಿಗೆ ಅರ್ಧ ನಿಮಿಷ ಹಿಡಿದಿರಬೇಕು. ಅದನ್ನು ಕಟ್ಟಲು ನನಗೆ ಒಂದು ಮಳೆಗಾಲವೇ ಬೇಕಾಯಿತು. ಇನ್ನೊಬ್ಬರಿಗೆ ಅಷ್ಟು ದಿನ ಹಿಡಿಯಬಾರದೆಂದು ಇದನ್ನು ಬರೆಯುತ್ತಿದ್ದೇನೆ.

ನಾನು ಹಡಗಿನಲ್ಲಿ ಎಲೆಕ್ಟ್ರಿಷಿಯನ್ ಆಗಿದ್ದವನು. ಊರು ಕುಂದಾಪುರದ ಕಡೆ, ಮನೆ ಮುಂಬಯಿ ಬಳಿಯ ಡೊಂಬಿವಲಿಯಲ್ಲಿ. ನಿವೃತ್ತನಾದ ಮೇಲೆ ನಮ್ಮ ಹವ್ಯಾಸಿ ತಂಡದ ಬೆಳಕು, ಧ್ವನಿ, ಕಾಲು ಮುರಿದ ಕುರ್ಚಿ, ಎಲ್ಲವೂ ನನ್ನ ಪಾಲಿಗೆ ಬಂದಿವೆ. ನಾಟಕದ ಕಥೆಯನ್ನು ಸ್ವಲ್ಪ ಹೇಳದಿದ್ದರೆ ಸಾಧನ ಏಕೆ ಹೀಗಿದೆ ಎಂಬುದು ಹೊಳೆಯುವುದಿಲ್ಲ. 1906ರ ಜನವರಿ 1ರಂದು ದೇಶಕ್ಕೆಲ್ಲ ಒಂದೇ ಸಮಯ ಎಂದಾಯಿತು. ಮುಂಬಯಿ ಮಾತ್ರ ಹಟ ಬಿಡಲಿಲ್ಲ. 1955ರವರೆಗೂ ಇಲ್ಲಿ ‘ಬಾಂಬೆ ಟೈಮ್’ ಎಂಬ ಬೇರೆಯದೇ ಸಮಯ ಬಳಕೆಯಲ್ಲಿ ಉಳಿದಿತ್ತು. ಅದು ಗ್ರೀನಿಚ್‌ಗಿಂತ 4 ಗಂಟೆ 51 ನಿಮಿಷ ಮುಂದೆ, ದೇಶದ ಸಮಯ ಐದೂವರೆ ಗಂಟೆ ಮುಂದೆ. ಎರಡರ ನಡುವೆ 39 ನಿಮಿಷ. ಕೊನೆಗೆ ಮುಂಬಯಿಯೂ ಒಪ್ಪಿಕೊಂಡಿತು, ಗಡಿಯಾರದ ಮುಳ್ಳುಗಳನ್ನು ಮುಂದಕ್ಕೆ ತಳ್ಳಿದರು. ಹಾಗಾದರೆ ಆ 39 ನಿಮಿಷ ಎಲ್ಲಿ ಹೋಯಿತು? ಕೋಟೆ ಪ್ರದೇಶದ ಉಡುಪಿ ಹೋಟೆಲೊಂದರಲ್ಲಿ ಲೋಟ ತೊಳೆಯುತ್ತ, ರಾತ್ರಿ ಕನ್ನಡ ಶಾಲೆಗೆ ಹೋಗುವ ಮಾಣಿಯೊಬ್ಬನಿಗೆ ಈ ಪ್ರಶ್ನೆ ಕಾಡುತ್ತದೆ. ಹೋಟೆಲಿನ ಕೆಲಸ ಮುಗಿಯುವುದಕ್ಕೂ ಶಾಲೆಯ ಗಂಟೆ ಬಾರಿಸುವುದಕ್ಕೂ ನಡುವೆ ಅವನಿಗೆ ಬೇಕಾದದ್ದು ಸರಿಯಾಗಿ ಅಷ್ಟೇ ಹೊತ್ತು. ಹಳೆಯ ಹಡಗಿನ ಬಾಣಸಿಗನೊಬ್ಬ ಅವನ ಕೈಗೆ ಗಳಿಗೆಗೊರಳನ್ನು ಕೊಡುತ್ತಾನೆ. ಒಂದು ಗಳಿಗೆಗೆ 24 ನಿಮಿಷ. ಕಳೆದುಹೋದದ್ದು ಒಂದೂವರೆ ಗಳಿಗೆಗಿಂತ ಮೂರು ನಿಮಿಷ ಹೆಚ್ಚು.

ಇಂಥ ಸಾಧನವನ್ನು ರಂಗದ ಮೇಲೆ ತೋರಿಸುವ ಸುಲಭದ ದಾರಿ ಎಲ್ಲರಿಗೂ ಗೊತ್ತು. ರಟ್ಟಿನ ಕಹಳೆಗೆ ಬಂಗಾರದ ಬಣ್ಣ ಬಳಿದು ಹುಡುಗನ ಕೈಗೆ ಕೊಡುವುದು. ಅವನು ಕೂಗಿದಾಗ ಪಕ್ಕದ ಪರದೆಯ ಹಿಂದೆ ಕುಳಿತವನು ಸ್ವಿಚ್ಚು ಒತ್ತುವುದು. ನೀಲಿ ದೀಪ, ಒಂದಿಷ್ಟು ಹೊಗೆ. ಮೊದಲ ತಾಲೀಮಿನಲ್ಲಿ ನಾವೂ ಹೀಗೆಯೇ ಮಾಡಿದ್ದೆವು. ಸ್ವಿಚ್ಚು ಒತ್ತುವವನು ನಾನೇ. ಒಮ್ಮೆ ಮಾಣಿಯ ಪಾತ್ರ ಮಾಡುವ ಹುಡುಗಿ ಕೂಗುವ ಮುನ್ನವೇ ಒತ್ತಿದೆ, ಇನ್ನೊಮ್ಮೆ ಅವಳ ಉಸಿರು ಮುಗಿದು ಎರಡು ಸೆಕೆಂಡು ಕಳೆದ ಮೇಲೂ ಕಾಲ ನಿಂತೇ ಇತ್ತು. (ಅವಳಿಗೆ ಹನ್ನೊಂದು ವರ್ಷ.) ನೋಡಲು ಬಂದಿದ್ದ ಅವಳ ತಮ್ಮನಿಗೆ ಆರು ವರ್ಷ. ಅವನು ರಂಗದ ಕಡೆ ನೋಡುವುದನ್ನು ಬಿಟ್ಟು ನನ್ನ ಹೆಬ್ಬೆರಳನ್ನೇ ನೋಡುತ್ತಿದ್ದ. ಅಲ್ಲಿಗೆ ಆ ದಾರಿ ಮುಗಿಯಿತು. ದನಿ ಇದ್ದಷ್ಟು ಹೊತ್ತು ಮಾತ್ರ ಕಾಲ ನಿಲ್ಲಬೇಕು. ಉಸಿರು ತುಂಡಾದ ಕ್ಷಣ ಹರಿಯಬೇಕು. ನಡುವೆ ಬೇರೆಯವರ ಬೆರಳು ಬರಕೂಡದು.

ದನಿಗೆ ಎಷ್ಟು ಬಲ?

ದನಿಯಿಂದಲೇ ನಡೆಯುವ ಯಂತ್ರ ನನಗೆ ಹೊಸದಲ್ಲ. ಹಡಗಿನಲ್ಲಿ ಅಂಥದ್ದೇ ಫೋನುಗಳಿದ್ದವು. ಅವಕ್ಕೆ ಸೆಲ್ಲಿಲ್ಲ, ಬ್ಯಾಟರಿ ಇಲ್ಲ. ಮಾತಾಡಿದರೆ ಒಳಗಿನ ತೆಳು ತಗಡು ಕಂಪಿಸುತ್ತದೆ, ಅದಕ್ಕೆ ಅಂಟಿದ ಭಾಗ ಅಯಸ್ಕಾಂತದ ನಡುವೆ ಅಲುಗಿ ತಂತಿಯಲ್ಲಿ ಒಂದಿಷ್ಟು ವಿದ್ಯುತ್ತು ಹುಟ್ಟುತ್ತದೆ. ಆ ತುದಿಯಲ್ಲಿ ಅದೇ ವಿದ್ಯುತ್ತು ಇನ್ನೊಂದು ತಗಡನ್ನು ಅಲುಗಿಸುತ್ತದೆ. ಹಡಗಿನ ಕರೆಂಟು ಪೂರ್ತಿ ಹೋದರೂ ಇಂಜಿನ್ ಕೋಣೆಯಿಂದ ಮೇಲಿನವರೆಗೆ ಮಾತು ತಲುಪುತ್ತದೆ. ಕತ್ತಲಲ್ಲಿ ಆ ಫೋನನ್ನು ಕಿವಿಗಿಟ್ಟುಕೊಂಡವರಿಗೆ ದನಿ ಎಂದರೇನೆಂದು ಬೇರೆ ಹೇಳಬೇಕಾಗಿಲ್ಲ.

ಆದರೆ ಲೆಕ್ಕ ಲೆಕ್ಕವೇ. ಸಾಧಾರಣ ಮಾತಿನಲ್ಲಿ ಹೊರಬೀಳುವ ಶಕ್ತಿ ಒಂದು ವ್ಯಾಟಿನ ಲಕ್ಷದಲ್ಲೊಂದು ಪಾಲಿನ ಆಸುಪಾಸು. ಒಂದು ಲೋಟ ಚಹಾದ ನೀರು ಕಾಯಿಸಲು ಎಷ್ಟು ಮಾತು ಬೇಕೆಂದು ಕುಳಿತು ಲೆಕ್ಕ ಹಾಕಿದೆ. ಒಂದು ಚೂರೂ ಪೋಲಾಗದೆ ಎಲ್ಲ ದನಿಯೂ ನೀರಿಗೇ ಸೇರಿದರೂ ನೂರು ವರ್ಷಕ್ಕಿಂತ ಹೆಚ್ಚು ಕಾಲ ಎಡೆಬಿಡದೆ ಮಾತಾಡಬೇಕು. ಸಂಘಗಳ ವಾರ್ಷಿಕ ಸಭೆಗಳನ್ನು ಕಂಡವನಾದ ನನಗೆ ಇದು ಪೂರ್ತಿ ಅಸಾಧ್ಯವೆನಿಸಲಿಲ್ಲ. ಗೋಡೆ ಗಡಿಯಾರ ಇಷ್ಟು ದುಬಾರಿಯಲ್ಲ. ಒಂದು ಪುಟ್ಟ ಸೆಲ್ಲಿನಲ್ಲಿ ವರ್ಷ ನಡೆಯುತ್ತದೆ, ನನ್ನ ಲೆಕ್ಕದಲ್ಲಿ ಒಂದು ಮಿಲಿವ್ಯಾಟಿನ ಐದನೆಯ ಒಂದು ಪಾಲು. ಗಂಟಲು ಹರಿಯುವಂತೆ ಕೂಗಿದರೆ ಬಾಯಿಯಿಂದ ಅಷ್ಟು ಹೊರಟೀತು. ಆದರೆ ಅದನ್ನೆಲ್ಲ ಹಿಡಿದು ವಿದ್ಯುತ್ತಾಗಿಸಿ ಗಡಿಯಾರಕ್ಕೆ ಉಣಿಸುವಷ್ಟರಲ್ಲಿ ಕೈಗೆ ಉಳಿಯುವುದು ಚಿಲ್ಲರೆ.

ಎಡಿಸನ್ ಫೋನೋಗ್ರಾಫ್ ಮಾಡಿದ ಮರುವರ್ಷ, 1878ರಲ್ಲಿ, ಬಾಯಿಮಾತಿನಿಂದ ಚಕ್ರ ತಿರುಗಿಸುವ ಯಂತ್ರವೊಂದನ್ನೂ ಮಾಡಿದ. ಮಾತಿಗೆ ಪೊರೆ ಅಲುಗುತ್ತದೆ, ಪೊರೆಗೆ ಸಿಕ್ಕಿಸಿದ ಕೊಕ್ಕೆ ಹಲ್ಲಿನ ಚಕ್ರವನ್ನು ಒಂದೇ ದಿಕ್ಕಿಗೆ ತಳ್ಳುತ್ತದೆ. ನಾನೂ ಒಂದನ್ನು ಮಾಡಿದೆ. ಹಳೆಯ ಅಲಾರಾಂ ಗಡಿಯಾರದ ಚಕ್ರ, ಹಾರ್ಮೋನಿಯಮ್ಮಿನ ಸ್ವರಪಟ್ಟಿಯಿಂದ ಕತ್ತರಿಸಿದ ಹಿತ್ತಾಳೆಯ ಕೊಕ್ಕೆ. ಮನೆಯಲ್ಲಿ ತಿರುಗಿತು. ನಾಟಕದ ಹಾಲಿನಲ್ಲಿ ಮೂರನೆಯ ಸಾಲಿನವರಿಗೂ ಕಾಣಲಿಲ್ಲ. ಇದರ ಮೇಲೆ ಸಮಯ ಕಳೆಯಬೇಡಿ.

ಆದ್ದರಿಂದ ಕೆಲಸವನ್ನು ಹಂಚಿದೆ. ಗೋಡೆಯ ಮೇಲೆ ಕುಣಿಯುವ ಬೆಳಕನ್ನು ಅಲುಗಿಸುವುದು ಅಪ್ಪಟ ದನಿಯೇ. ಗಡಿಯಾರವನ್ನು ನಡೆಸುವುದು ಸೆಲ್ಲು, ಅದಕ್ಕೆ ಅಪ್ಪಣೆ ಕೊಡುವುದು ದನಿ.

ಕೊರಳು

ಚೋರ್ ಬಜಾರಿನಲ್ಲಿ ಗ್ರಾಮೋಫೋನಿನ ಹಿತ್ತಾಳೆ ಕಹಳೆಗಳು ಸಿಗುತ್ತವೆ. ಸಿನಿಮಾದವರಿಗೆ ಬಾಡಿಗೆ ಕೊಟ್ಟು ಅಭ್ಯಾಸವಾದ ಅಂಗಡಿಯವರು ಹೇಳುವ ಬೆಲೆ ಕೇಳಿ ಹಿಂದಿರುಗಿದೆ. ನಮಗೆ ಡೀಸೆಲ್ ಸುರಿಯುವ ದೊಡ್ಡ ತಗಡಿನ ಲಾಳಿಕೆ ಸಾಕು, ಬಾಯಿ ಒಂದು ಗೇಣು ಅಗಲವಿರಲಿ. ಅದರ ಸಣ್ಣ ತುದಿಯನ್ನು ಬೇಬಿ ಪೌಡರಿನ ಡಬ್ಬಿಯಷ್ಟು ದೊಡ್ಡ ತಗಡಿನ ಡಬ್ಬಿಯ ತಳಕ್ಕೆ ತೂತು ಕೊರೆದು ತೂರಿಸಿ, ಸುತ್ತ ಎಂ-ಸೀಲ್ ಅಂಟು ಮೆತ್ತಿ. ಗಾಳಿ ಎಲ್ಲಿಯೂ ಸೋರಬಾರದು. ಡಬ್ಬಿಯ ಇನ್ನೊಂದು ಬಾಯಿಗೆ ಬಲೂನಿನ ಕತ್ತು ಕತ್ತರಿಸಿ, ಉಳಿದದ್ದನ್ನು ಮದ್ದಳೆಗೆ ಮುಚ್ಚಿಗೆ ಎಳೆದಂತೆ ಬಿಗಿಯಾಗಿ ಎಳೆದು ರಬ್ಬರ್ ಬ್ಯಾಂಡ್ ಹಾಕಿ. ಇದೇ ಪೊರೆ.

ಪೊರೆಯ ಮೇಲೆ ಕಿರುಬೆರಳಿನ ಉಗುರಿನಷ್ಟು ಕನ್ನಡಿ ಚೂರು ಬೇಕು. ಭುಲೇಶ್ವರದಲ್ಲಿ ಘಾಗ್ರಾಕ್ಕೆ ಹೊಲಿಯುವ ಕನ್ನಡಿಗಳನ್ನು ಪೊಟ್ಟಣ ಕಟ್ಟಿ ಮಾರುತ್ತಾರೆ, ಒಂದು ಪೊಟ್ಟಣ ತಂದರೆ ಜನ್ಮಕ್ಕಾಯಿತು. ಅಂಟಿಸುವ ಜಾಗ ಮುಖ್ಯ. ನಾನು ಮೊದಲು ಸರಿಯಾಗಿ ನಡುವೆ ಅಂಟಿಸಿದೆ. ಕೂಗಿದರೆ ಗೋಡೆಯ ಮೇಲಿನ ಬೆಳಕು ಒಂದಿಷ್ಟು ಮಸುಕಾಯಿತೇ ಹೊರತು ಅಲುಗಲಿಲ್ಲ. ನಡುವಿನ ಭಾಗ ನೇರವಾಗಿ ಮುಂದಕ್ಕೂ ಹಿಂದಕ್ಕೂ ಹೋಗುತ್ತದೆ, ಓರೆಯಾಗುವುದಿಲ್ಲ. ಕನ್ನಡಿ ಓರೆಯಾದರೆ ಮಾತ್ರ ಬೆಳಕು ಜಾಗ ಬಿಡುತ್ತದೆ. ನಡುವಿಗೂ ಅಂಚಿಗೂ ಮಧ್ಯೆ ಅಂಟಿಸಿ. ಪೆನ್ನಿನಂಥ ಲೇಸರ್ ದೀಪವೊಂದನ್ನು ಡಬ್ಬಿಗೇ ಬಿಗಿದು ಅದರ ಕಿರಣ ಕನ್ನಡಿಗೆ ತಾಗಿ ಹಿಂದಿನ ಪರದೆಯ ಮೇಲ್ಭಾಗಕ್ಕೆ ಹೋಗುವಂತೆ ಕೂಡಿಸಿ. ಈಗ ಲಾಳಿಕೆಯೊಳಗೆ ‘ಊ’ ಎಂದರೆ ಪರದೆಯ ಮೇಲೆ ಚುಕ್ಕೆ ಇದ್ದದ್ದು ಗೆರೆಯಾಗುತ್ತದೆ, ಗೆರೆ ಉಂಗುರವಾಗುತ್ತದೆ, ಸ್ವರ ಒಂದಿಷ್ಟು ಜರುಗಿದರೆ ಉಂಗುರ ಮಡಿಚಿಕೊಂಡು ಎಂಟರಂತೆ ಹೊರಳುತ್ತದೆ. ಮೊದಲ ಸಲ ನೋಡಿದಾಗ ನನ್ನ ಹೆಂಡತಿ ಒಲೆಯ ಮೇಲಿನ ಒಗ್ಗರಣೆ ಮರೆತಳು. ಲೇಸರಿನ ವಿಷಯದಲ್ಲಿ ತಮಾಷೆ ಬೇಡ. ಅದು ಕೈಯಲ್ಲಿ ಹಿಡಿಯುವ ವಸ್ತುವಲ್ಲ, ಪ್ರೇಕ್ಷಕರ ಕಡೆ ತಿರುಗಲು ಸಾಧ್ಯವೇ ಇರಬಾರದು. ನಮ್ಮಲ್ಲಿ ಇಡೀ ಸಾಧನ ಒಂದು ಪೀಠಕ್ಕೆ ಬಿಗಿದು ನಿಂತಿದೆ. ಹುಡುಗಿಯೇ ಬಂದು ಬಾಗಿ ಅದಕ್ಕೆ ಬಾಯಿ ಕೊಡುತ್ತಾಳೆ. ಹಸ್ತಪ್ರತಿಯ ‘ಬಾಯಿಗೆ ಹಿಡಿದು’ ಎಂಬುದನ್ನು ನಾನೇ ಹೊಡೆದುಹಾಕಿದೆ.

ಪ್ರತಿ ಪೊರೆಗೂ ತನಗೆ ಒಗ್ಗುವ ಸ್ವರವೊಂದಿರುತ್ತದೆ. ಕೆಳಗಿನಿಂದ ಮೇಲಕ್ಕೆ ‘ಊ’ ಎಂದು ನಿಧಾನವಾಗಿ ಜಾರುತ್ತ ಹೋಗಿ. ಒಂದು ಕಡೆ ಬೆಳಕಿನ ಚಿತ್ರ ಇದ್ದಕ್ಕಿದ್ದಂತೆ ಅರಳುತ್ತದೆ. ಪೊರೆಯನ್ನು ಬಿಗಿ ಮಾಡಿದರೆ ಆ ಸ್ವರ ಮೇಲೇರುತ್ತದೆ. ಹುಡುಗಿಯ ದನಿಗೆ ಹೊಂದಿಸಿದ ಪೊರೆ ನನ್ನ ದನಿಗೆ ಕದಲುವುದೇ ಇಲ್ಲ. ಇದರಿಂದ ನಾಟಕಕ್ಕೆ ಒಂದು ಒಳ್ಳೆಯ ದೃಶ್ಯ ಸಿಕ್ಕಿತು: ಹೋಟೆಲಿನ ಯಜಮಾನ ಮಾಣಿಯನ್ನು ಪಕ್ಕಕ್ಕೆ ಸರಿಸಿ ಸಾಧನಕ್ಕೆ ಬಾಯಿಟ್ಟು ಕೂಗುತ್ತಾನೆ, ಬೆಳಕು ಅವನ ಮಾತನ್ನು ಕೇಳುವುದಿಲ್ಲ. ಆ ಪಾತ್ರಕ್ಕೆ ನಟಿಸುವ ಅಗತ್ಯವೇ ಇಲ್ಲ.

ಬಲೂನಿನ ರಬ್ಬರು ಮುಂಬಯಿಯ ಹವೆಗೆ ಬಾಳುವುದಿಲ್ಲ. ಪ್ರಯೋಗದ ದಿನ ಹೊಸದನ್ನೇ ಎಳೆಯಿರಿ, ಎಳೆದ ಮೇಲೆ ಮತ್ತೆ ಸ್ವರ ಹುಡುಕಿ.

ಗಳಿಗೆ

ಗಡಿಯಾರದ ಕೆಲಸಕ್ಕೆ ಗ್ರ್ಯಾಂಟ್ ರೋಡಿನಲ್ಲಿ ಇಳಿದು ಲ್ಯಾಮಿಂಗ್ಟನ್ ರಸ್ತೆಗೆ ಹೋಗಿ. ಒಂದು ಆರ್ಡುಯಿನೋ ನ್ಯಾನೋ (ನಾವು ಬರೆದ ಪ್ರೋಗ್ರಾಮನ್ನು ನಡೆಸುವ ಪುಟ್ಟ ಕಂಪ್ಯೂಟರ್ ಹಲಗೆ), ಆಂಪ್ಲಿಫೈಯರ್ ಸಹಿತವಾದ ಪುಟ್ಟ ಮೈಕ್, ನಾಲ್ಕು ರೆಸಿಸ್ಟರ್, ಒಂದು ಗುಂಡಿ ಸ್ವಿಚ್ಚು. ಗೋಡೆ ಗಡಿಯಾರದ ಯಂತ್ರಗಳನ್ನು ಮಾತ್ರ ಮೂರು ಕೊಳ್ಳಿ. ಎರಡು ಹಾಳಾಗುತ್ತವೆ.

ಯಂತ್ರದೊಳಗೆ ಒಂದು ಹರಳು ಸೆಕೆಂಡಿಗೆ 32,768 ಸಲ ಮಿಡಿಯುತ್ತದೆ. ಅದನ್ನು ಹದಿನೈದು ಸಲ ಅರ್ಧ ಮಾಡಿದರೆ ಒಂದು. ಹೀಗೆ ಸೆಕೆಂಡಿಗೊಮ್ಮೆ ಒಂದು ಸುರುಳಿಗೆ ವಿದ್ಯುತ್ತಿನ ಸಣ್ಣ ತಟ್ಟು ಸಿಗುತ್ತದೆ, ಮುಳ್ಳು ಒಂದು ಹೆಜ್ಜೆ ಇಡುತ್ತದೆ. ನಾವು ಮಾಡುವುದು ಇಷ್ಟೇ: ಹರಳಿಗೂ ಸುರುಳಿಗೂ ಇರುವ ನಂಟನ್ನು ಕತ್ತರಿಸಿ, ತಟ್ಟುವ ಕೆಲಸವನ್ನು ಆರ್ಡುಯಿನೋಗೆ ಕೊಡುವುದು. ಮುಚ್ಚಳ ಬಿಚ್ಚುವಾಗ ಯಂತ್ರವನ್ನು ಮೇಜಿನ ಮೇಲೆ ಮಲಗಿಸಿಯೇ ಬಿಚ್ಚಿ, ಇಲ್ಲದಿದ್ದರೆ ಹಲ್ಲಿನ ಚಕ್ರಗಳು ಕಡಲೆಯಂತೆ ಉರುಳುತ್ತವೆ. ಸುರುಳಿಯ ತಂತಿ ಕೂದಲಿಗಿಂತ ತೆಳು. ಅದರ ಎರಡು ತುದಿ ಬೆಸೆದಿರುವ ಜಾಗಕ್ಕೆ ಬೇರೆ ಎರಡು ತಂತಿ ಬೆಸೆದು ಹೊರಗೆ ತನ್ನಿ, ಯಂತ್ರದ ಚಿಪ್‌ನಿಂದ ಬರುವ ತಾಮ್ರದ ಗೆರೆಯನ್ನು ಬ್ಲೇಡಿನಿಂದ ಕೊಯ್ಯಿರಿ. ಹೊರತಂದ ತಂತಿಗಳಿಗೆ ತಲಾ ನೂರು ಓಮಿನ ರೆಸಿಸ್ಟರ್ ಹಾಕಿ ಆರ್ಡುಯಿನೋದ ಎರಡು ಕಾಲುಗಳಿಗೆ (ಪಿನ್ನುಗಳಿಗೆ) ಕೊಡಿ. ಒಮ್ಮೆ ಈ ಕಾಲಿನಿಂದ, ಮರುಸಲ ಆ ಕಾಲಿನಿಂದ, ಸುಮಾರು 40 ಮಿಲಿಸೆಕೆಂಡಿನ ತಟ್ಟು. ದಿಕ್ಕು ಪ್ರತಿ ಸಲ ಬದಲಾಗಲೇಬೇಕು.

ನಾನು ಮೊದಲು ಬರೆದ ಪ್ರೋಗ್ರಾಮಿನಲ್ಲಿ ದಿಕ್ಕು ಬದಲಿಸುವ ಸಾಲು ಬಿಟ್ಟುಹೋಗಿತ್ತು. ಮುಳ್ಳು ಮುಂದೆ ಹೋಗಲಿಲ್ಲ, ನಿಂತಲ್ಲಿಯೇ ಚಿಟ್ ಚಿಟ್ ಎಂದು ನಡುಗಿತು, ಹಗ್ಗಕ್ಕೆ ಕಟ್ಟಿದ ಕರು ಜಗ್ಗುವ ಹಾಗೆ. ತಪ್ಪನ್ನು ತಿದ್ದಲು ಹೋದವನು ಕೈ ತಡೆದೆ. ನನಗೆ ಬೇಕಾಗಿದ್ದದ್ದು ಇದೇ! ಕಾಲ ಸುಮ್ಮನೆ ನಿಂತರೆ ಗಡಿಯಾರ ಕೆಟ್ಟಿತು ಎಂದುಕೊಳ್ಳುತ್ತಾರೆ. ನಡುಗಿದರೆ ಯಾರೋ ಹಿಡಿದಿದ್ದಾರೆ ಎಂದು ತಿಳಿಯುತ್ತದೆ. ಈಗ ದನಿ ಇರುವವರೆಗೆ ಒಂದೇ ದಿಕ್ಕಿನ ತಟ್ಟು, ದನಿ ಇಲ್ಲದಾಗ ಅದಲುಬದಲು ತಟ್ಟು.

ಕಾಲವನ್ನು ಹಿಂದಕ್ಕೂ ಓಡಿಸಬೇಕೆಂದು ನಿರ್ದೇಶಕಿಯ ಆಸೆ. ಈ ಬಗೆಯ ಮೋಟಾರನ್ನು ಫ್ರಾನ್ಸಿನ ಲವೇ ಎಂಬ ಇಂಜಿನಿಯರ್ 1936ರಲ್ಲಿ ರೂಪಿಸಿದ. ಅದರ ಕಬ್ಬಿಣದ ಆಕಾರವೇ ಒಂದು ಕಡೆಗೆ ವಾಲಿರುತ್ತದೆ, ಆದ್ದರಿಂದ ಒಂದೇ ದಿಕ್ಕಿಗೆ ತಿರುಗುತ್ತದೆ. ಕ್ಷೌರದಂಗಡಿಯ ಕನ್ನಡಿಯಲ್ಲಿ ನೋಡಲೆಂದು ಮಾಡಿದ ಉಲ್ಟಾ ಗಡಿಯಾರಗಳು ಇವೆ, ಆದರೆ ಅವು ಮುಂದಕ್ಕೆ ಹೋಗುವುದಿಲ್ಲ. “ರಾಯರೇ, ಹಾಗಾದರೆ ಕಳೆದುಹೋದದ್ದನ್ನು ಹುಡುಗ ತರುವುದು ಹೇಗೆ?” ಎಂದರು. “ತರುವುದು ಬೇಡ, ಸಾಲ ಮಾಡಲಿ” ಎಂದೆ. ಅದೇ ನಾಟಕದ ನಿಯಮವಾಯಿತು. ಹಿಡಿದಷ್ಟು ಸೆಕೆಂಡನ್ನು ಆರ್ಡುಯಿನೋ ಎಣಿಸಿಟ್ಟುಕೊಳ್ಳುತ್ತದೆ. ದನಿ ನಿಂತೊಡನೆ ಸೆಕೆಂಡಿಗೆ ಎರಡು ಹೆಜ್ಜೆಯಂತೆ ಓಡಿ ಲೆಕ್ಕ ತೀರಿಸುತ್ತದೆ. ಹದಿನಾಲ್ಕು ಸೆಕೆಂಡು ಹಿಡಿದರೆ ಹದಿನಾಲ್ಕು ಸೆಕೆಂಡು ಇಮ್ಮಡಿ ಓಟ. ಆ ಓಟದಲ್ಲಿ ರಂಗದ ಮೇಲಿರುವ ಎಲ್ಲರೂ, ಚಹಾ ಸುರಿಯುವವನೂ ಬಿಲ್ಲು ಬರೆಯುವವನೂ, ಎರಡರಷ್ಟು ವೇಗದಲ್ಲಿ ಕೆಲಸ ಮಾಡಬೇಕು. ತಾಲೀಮಿನಲ್ಲಿ ಒಂದು ಲೋಟ ಒಡೆಯಿತು, ಈಗ ಸ್ಟೀಲಿನದು ಇಟ್ಟಿದ್ದೇವೆ.

ಗಡಿಯಾರದ ಮುಖ ಎರಡು ಅಡಿ ಅಗಲದ ರಟ್ಟು. ಮುಳ್ಳುಗಳಿಗೆ ಗಾಳಿಪಟದ ಬಿದಿರು ಕಡ್ಡಿ ಬಳಸಿ, ಹಿಂದಿನ ತುದಿಗೆ ಸಮತೂಕಕ್ಕೆ ಒಂದು ಹನಿ ಬೆಸುಗೆ ಸೀಸ. ಯಂತ್ರಕ್ಕೆ ಇರುವೆಯಷ್ಟು ಶಕ್ತಿ, ತಗಡಿನ ಮುಳ್ಳು ಎತ್ತಲಾರದು. ಇಷ್ಟಾದರೂ ಕೊನೆಯ ಸಾಲಿಗೆ ಮುಳ್ಳು ಕಾಣುವುದಿಲ್ಲ. ಕಾಣದಿದ್ದರೂ ಪರವಾಗಿಲ್ಲ, ಕೇಳಬೇಕು. ಯಂತ್ರದ ಬೆನ್ನಿಗೆ, ಕಂಪನವನ್ನು ವಿದ್ಯುತ್ತಾಗಿಸುವ ಪೀಜೋ ಬಿಲ್ಲೆಯೊಂದನ್ನು ಅಂಟಿಸಿ ಅದರ ತಂತಿಯನ್ನು ಹಾಲಿನ ಧ್ವನಿವರ್ಧಕಕ್ಕೆ ಕೊಡಿ. ಪರದೆ ಏಳುವ ಮೊದಲೇ ಟಿಕ್ ಟಿಕ್ ಶುರುವಾಗಿರಲಿ, ಸಣ್ಣದಾಗಿ. ಹತ್ತು ನಿಮಿಷದಲ್ಲಿ ಜನ ಅದನ್ನು ಮರೆಯುತ್ತಾರೆ. ಆಮೇಲೆ ಅದು ತಪ್ಪಿದಾಗ ಇಡೀ ಹಾಲು ತಲೆ ಎತ್ತುತ್ತದೆ.

ಉಸಿರು

ಮೂಲ ಸಂಭಾಷಣೆ ‘ಕಾಲವೇ, ನಿಲ್ಲಬಾರದೇ!’ ಎಂದಿತ್ತು. ಹುಡುಗಿ ಎಷ್ಟು ಚೆನ್ನಾಗಿ ಹೇಳಿದರೂ ಪೊರೆ ಕದಲುತ್ತಿರಲಿಲ್ಲ. “ಮಾಮ, ಇದಕ್ಕೆ ನನ್ನ ಮೇಲೆ ಸಿಟ್ಟು” ಎಂದು ಮೂತಿ ಊದಿಸಿ ಕುಳಿತಳು. ಸಿಟ್ಟು ಅವಳ ಮೇಲಲ್ಲ, ‘ಏ’ ಮೇಲೆ. ಒಂದೊಂದೇ ಸ್ವರವನ್ನು ಪರೀಕ್ಷಿಸಿದೆ. ‘ಸ’ಕಾರ, ‘ಶ’ಕಾರ ಬರಿಯ ಸುಯ್ಯೆನ್ನುವ ಗಾಳಿ, ಪೊರೆಗೆ ಗೊತ್ತೇ ಆಗುವುದಿಲ್ಲ. ‘ಆ’ ಎಂದಾಗ ದನಿಯ ಬಲ ಮೇಲಿನ ಕಂಪನಗಳಿಗೆ ಹಂಚಿಹೋಗುತ್ತದೆ. ತುಟಿ ದುಂಡಗೆ ಮಾಡಿ ‘ಊ’ ಎಂದರೆ ಬಲವೆಲ್ಲ ಕೆಳಗಿನ ಮೂಲಸ್ವರದ ಹತ್ತಿರವೇ ಕೂಡಿರುತ್ತದೆ, ಪೊರೆ ಎದ್ದು ಕುಣಿಯುತ್ತದೆ.

ಹಾಗಾದರೆ ‘ಉ’ಕಾರದಲ್ಲಿ ಮುಗಿಯುವ ಮಾತು ಬೇಕು. ಹುಡುಕಬೇಕಾಗಿಯೇ ಇಲ್ಲ. ಕನ್ನಡದಲ್ಲಿ ಅಪ್ಪಣೆ ಕೊಟ್ಟರೆ ಎಷ್ಟೋ ಸಲ ಬಾಯಿ ತಾನಾಗಿ ದುಂಡಗಾಗುತ್ತದೆ: ನಿಲ್ಲು, ಸಾಗು, ಬಿಡು, ಹೋಗು, ತಾಳು. ಪಕ್ಕದ ಮನೆಯವರ ಮರಾಠಿಯಲ್ಲಿ ‘ಥಾಂಬ್’ ಎನ್ನಬೇಕು, ಅಲ್ಲಿ ತುಟಿ ಮುಚ್ಚಿಕೊಳ್ಳುತ್ತದೆ, ಎಳೆಯಲು ಸ್ವರವೇ ಇಲ್ಲ. ನಾವು ‘ತಾಳು’ ಆರಿಸಿಕೊಂಡೆವು. ‘ತಾಳೂ’ ಎಂದು ಉಸಿರಿರುವವರೆಗೆ ಎಳೆದರೆ ಅಪ್ಪಣೆಯೂ ಹೌದು, ಬೇಡಿಕೆಯೂ ಹೌದು. ತನ್ನ ಸಾಲು ಹೋಯಿತೆಂದು ನಿರ್ದೇಶಕಿ ಎರಡು ವಾರ ನನ್ನೊಡನೆ ಸರಿಯಾಗಿ ಮಾತಾಡಲಿಲ್ಲ.

ಎಷ್ಟು ಹೊತ್ತು ಎಳೆಯಬಹುದು? ತರಬೇತಿ ಇಲ್ಲದ ದೊಡ್ಡವರು ಒಂದೇ ಉಸಿರಿನಲ್ಲಿ ಹದಿನೈದರಿಂದ ಇಪ್ಪತ್ತು ಸೆಕೆಂಡು ಸ್ವರ ಹಿಡಿದಾರು. ನಮ್ಮ ಹುಡುಗಿ ಒಂಬತ್ತರಲ್ಲಿ ಶುರು ಮಾಡಿದಳು. ಅವಳಿಗೆ ಪಾಠ ಹೇಳಿದ್ದು ನಾನಲ್ಲ, ಮಳೆಗಾಲದಲ್ಲಿ ಊರಿನ ಯಕ್ಷಗಾನ ಮೇಳದ ಜೊತೆ ಮುಂಬಯಿಗೆ ಬಂದಿದ್ದ ಒಬ್ಬ ಭಾಗವತರು. ಮಳೆಗಾಲದಲ್ಲಿ ಕರಾವಳಿಯಲ್ಲಿ ತಿರುಗಾಟ ಇರುವುದಿಲ್ಲ, ಕಲಾವಿದರು ಇಲ್ಲಿನ ಸಭಾಗೃಹಗಳಿಗೆ ಬರುತ್ತಾರೆ, ರಾತ್ರಿಯಿಡೀ ನಡೆಯುವ ಪ್ರಸಂಗವನ್ನು ಮೂರು ಗಂಟೆಯ ಕಾಲಮಿತಿಗೆ ಇಳಿಸಿ ಆಡುತ್ತಾರೆ. ನಾನು ಅವರ ಮುಂದೆ ಸಾಧನ ಇಟ್ಟು, ದನಿಯಿಂದ ಕಾಲ ನಿಲ್ಲಿಸುವ ಯಂತ್ರ ಎಂದೆ. ಅವರು ಎಲೆ ಅಡಿಕೆ ಜಗಿಯುತ್ತ ಅದನ್ನು ಸುತ್ತ ತಿರುಗಿಸಿ ನೋಡಿದರು. “ನಾವು ಮತ್ತೇನು ಮಾಡುತ್ತಿದ್ದೇವೆ ಮಾರಾಯರೇ?” ಎಂದರು. ಹದಿನಾಲ್ಕು ವರ್ಷದ ವನವಾಸವನ್ನು ಎರಡು ಸಾಲಿನ ಪದ್ಯದಲ್ಲಿ ದಾಟಿಸುವುದೂ ಅವರೇ, ಬಾಣ ಬಿಲ್ಲು ಬಿಡುವ ಒಂದು ಕ್ಷಣವನ್ನು ಅರ್ಧ ಗಂಟೆ ಹಿಗ್ಗಿಸುವುದೂ ಅವರೇ. ಅಲ್ಲಿ ಯಂತ್ರವಿಲ್ಲ, ಕೈಯಲ್ಲಿ ತಾಳ ಮಾತ್ರ.

ಅವರು ಹೇಳಿಕೊಟ್ಟದ್ದು ಬಹಳವಿಲ್ಲ. ಉಸಿರು ಎಳೆದುಕೊಳ್ಳುವಾಗ ಹೆಗಲು ಏಳಬಾರದು, ಹೊಟ್ಟೆ ಮುಂದೆ ಬರಬೇಕು. ಮೊದಲ ಸೆಕೆಂಡಿನಲ್ಲಿ ಎಲ್ಲವನ್ನೂ ಖರ್ಚು ಮಾಡಬಾರದು, ‘ತಾ’ ಚಿಕ್ಕದು, ‘ಳೂ’ ದೊಡ್ಡದು. ಉರಿಯುವ ಮೇಣದ ಬತ್ತಿಯನ್ನು ಬಾಯಿಯ ಮುಂದೆ ಹಿಡಿದು ಜ್ವಾಲೆ ಬಾಗದಂತೆ ಹಾಡು ಎಂದರು, ಗಾಳಿ ಹೋಗಬಾರದು ದನಿ ಹೋಗಬೇಕು. ಮೂರು ವಾರಕ್ಕೆ ಹದಿನಾಲ್ಕು ಸೆಕೆಂಡಾಯಿತು, ಒಮ್ಮೊಮ್ಮೆ ಹದಿನೈದು. ನಾಟಕದ ಮಾಣಿ ರಂಗದ ಮೇಲೆಯೇ ಸೀಮೆಸುಣ್ಣದಲ್ಲಿ ಲೆಕ್ಕ ಹಾಕುತ್ತಾನೆ: 39 ನಿಮಿಷವೆಂದರೆ 2,340 ಸೆಕೆಂಡು, ಉಸಿರಿಗೆ ಹದಿನೈದರಂತೆ 156 ಉಸಿರು. ರಾತ್ರಿ ಶಾಲೆಯಲ್ಲಿ ಕಲಿತ ಭಾಗಾಕಾರ ಅವನಿಗೆ ಉಪಯೋಗಕ್ಕೆ ಬರುವುದು ಅಲ್ಲಿ.

ಹಿನ್ನೆಲೆಗೆ ರಾಜಾಬಾಯಿ ಗೋಪುರದ ಗಂಟೆ ಬೇಕಿತ್ತು. 1878ರಲ್ಲಿ ಪೂರ್ತಿಯಾದ ಗೋಪುರ, ಕಾಲು ಗಂಟೆಗೊಮ್ಮೆ ಬಾರಿಸುತ್ತದೆ. ಭಾನುವಾರ ಬೆಳಗ್ಗೆ ಓವಲ್ ಮೈದಾನದ ಅಂಚಿನಲ್ಲಿ ನಿಂತು ಮೊಬೈಲಿನಲ್ಲಿ ಹಿಡಿದೆ, ಜೊತೆಗೆ ಮೂರು ಕ್ರಿಕೆಟ್ ಪಂದ್ಯಗಳ ಗದ್ದಲವೂ ಬಂತು. ಆಡಾಸಿಟಿ ಎಂಬ ಉಚಿತ ತಂತ್ರಾಂಶದಲ್ಲಿ ಅದನ್ನು ಹಿಗ್ಗಿಸಬಹುದು. ಎರಡು ದಾರಿ ಇವೆ. ವೇಗವನ್ನೇ ಅರ್ಧ ಮಾಡಿದರೆ ಸ್ವರವೂ ಒಂದು ಸ್ಥಾಯಿ ಕೆಳಗಿಳಿಯುತ್ತದೆ, ಸೆಲ್ಲು ಮುಗಿದ ಟೇಪ್ ರೆಕಾರ್ಡರ್ ನೆನಪಾಗಿ ಜನ ನಗುತ್ತಾರೆ. ಸ್ವರ ಹಾಗೆಯೇ ಇಟ್ಟು ಅವಧಿ ಮಾತ್ರ ಹಿಗ್ಗಿಸುವುದು ಇನ್ನೊಂದು. ಪಾಲ್‌ಸ್ಟ್ರೆಚ್ ಎಂಬ ಆಯ್ಕೆಯಲ್ಲಿ ಹತ್ತು ಪಟ್ಟು ಎಳೆದೆ. ಗಂಟೆಯ ಏಟು ಕರಗಿ ಮಂಜಿನಂತೆ ಹರಡಿತು, ಬ್ಯಾಟಿಗೆ ಚೆಂಡು ತಗುಲಿದ ಸದ್ದೂ ಅದರೊಳಗೆ ಎಲ್ಲೋ ಕರಗಿದೆ. ತೆಗೆಯಲು ಹೋಗಲಿಲ್ಲ.

ಕುಕ್ಕರು, ಚಪ್ಪಾಳೆ, ಪೊಲೀಸು

ಮೈಕನ್ನು ಮೊದಲು ಪೀಠದ ಮೇಲೆ ಇಟ್ಟಿದ್ದೆ. ಒಂದು ಶನಿವಾರ ಯಾರೂ ಬಾಯಿ ತೆರೆಯದೆ ಗಡಿಯಾರ ನಿಂತಿತು. ಕೆಳಗಿನ ಮನೆಯ ಕುಕ್ಕರು ಸೀಟಿ ಹಾಕಿತ್ತು. ಮೂರು ಸೀಟಿ, ಮೂರು ಸಲ ಕಾಲ ಸ್ತಂಭನ. ಮೈಕನ್ನು ಲಾಳಿಕೆಯ ಒಳಗೆ, ಕತ್ತಿನ ಹತ್ತಿರ ಹತ್ತಿಯಲ್ಲಿ ಸುತ್ತಿ ಕೂಡಿಸಿ. ಪ್ರೋಗ್ರಾಮಿನಲ್ಲಿ 50 ಮಿಲಿಸೆಕೆಂಡಿಗೊಮ್ಮೆ ದನಿಯ ಅತಿ ಎತ್ತರ, ಅತಿ ತಗ್ಗು ನೋಡಿ ಎರಡರ ಅಂತರವನ್ನೇ ದನಿಯ ಬಲವೆಂದು ಎಣಿಸಿ. ಹಾಲಿಗೆ ಜನ ಬಂದು ಕುಳಿತ ಮೇಲೆ, ಅವರ ಪಿಸುಮಾತು ಫ್ಯಾನು ಎಲ್ಲ ಸೇರಿ ಎಷ್ಟಿದೆ ಎಂದು ನೋಡಿಕೊಂಡು ಅದರ ಮೂರು ಪಟ್ಟಿಗೆ ಗಡಿ ಕಟ್ಟಿ. ಖಾಲಿ ಹಾಲಿನಲ್ಲಿ ಕಟ್ಟಿದ ಗಡಿ ನಂಬಬೇಡಿ.

ಇಷ್ಟೆಲ್ಲ ಮಾಡಿದ ಮೇಲೆ ಮೊದಲ ಪ್ರಯೋಗದಲ್ಲಿ ಚಪ್ಪಾಳೆ ಬಿತ್ತು, ಚಪ್ಪಾಳೆಗೆ ಗಡಿಯಾರ ಮತ್ತೆ ನಿಂತಿತು, ಅದನ್ನು ನೋಡಿ ಜನ ಇನ್ನಷ್ಟು ಚಪ್ಪಾಳೆ ತಟ್ಟಿದರು. ಮಾಣಿ ಪಾಪ, ಸಾಲ ತೀರಿಸಲಾಗದೆ ನಿಂತಿದ್ದ. ಆಗ ಹಡಗಿನ ಫೋನು ನೆನಪಾಯಿತು. ಅದರ ಹಿಡಿಯಲ್ಲಿ ಒಂದು ಗುಂಡಿ ಇರುತ್ತದೆ, ಒತ್ತಿ ಹಿಡಿದು ಮಾತಾಡಬೇಕು. ಪೀಠದ ಅಂಚಿನಲ್ಲಿ, ಹುಡುಗಿಯ ಕೈ ಬೀಳುವಲ್ಲಿ ಅಂಥದ್ದೇ ಗುಂಡಿ ಕೂಡಿಸಿದೆ. ಅವಳು ಒತ್ತಿದಾಗ ಮಾತ್ರ ಮೈಕು ಕೇಳಿಸಿಕೊಳ್ಳುತ್ತದೆ. ಇದು ಮೋಸವಲ್ಲವೇ ಎಂದು ನಿರ್ದೇಶಕಿ ಕೆಣಕಿದರು. ಬೆರಳು ಅವಳದೇ, ದನಿಯೂ ಅವಳದೇ, ನನ್ನದಲ್ಲ.

ಕೊನೆಯದಾಗಿ ಸಾಗಾಣಿಕೆ. ಗಡಿಯಾರ, ಸೆಲ್ಲು, ಬಣ್ಣಬಣ್ಣದ ತಂತಿ, ತಗಡಿನ ಡಬ್ಬಿ, ಇವೆಲ್ಲ ಒಂದೇ ಚೀಲದಲ್ಲಿ ಕೂಡಿದರೆ ಮುಂಬಯಿಯ ರೈಲು ನಿಲ್ದಾಣದಲ್ಲಿ ಅದು ಏನಾಗಿ ಕಾಣುತ್ತದೆಂದು ನನಗೆ ಹೊಳೆದಿರಲಿಲ್ಲ. ಮಾಟುಂಗದ ಪ್ರಯೋಗ ಮುಗಿಸಿ ಬರುವಾಗ ಒಂದು ನಿಲ್ದಾಣದಲ್ಲಿ ಚೀಲ ತೆರೆಸಿದರು. ನಾಟಕದ ಸಾಮಾನು ಎಂದೆ. ಕಾನ್‌ಸ್ಟೇಬಲ್ ಒಂದು ಹೆಜ್ಜೆ ಹಿಂದೆ ಸರಿದು ಇನ್ನಿಬ್ಬರನ್ನು ಕರೆದ. ಹುಡುಗಿಯ ತಾಯಿ ಕರಪತ್ರ ತೋರಿಸಿದರು, ಅದು ಕನ್ನಡದಲ್ಲಿತ್ತು. ಕಡೆಗೆ ಬೆಂಚಿನ ಮೇಲೆ ಎಲ್ಲವನ್ನೂ ಜೋಡಿಸಿ, ಹುಡುಗಿಯಿಂದ ‘ತಾಳೂ’ ಎನ್ನಿಸಿ, ಮುಳ್ಳು ನಡುಗುವುದನ್ನು ತೋರಿಸಬೇಕಾಯಿತು. ಆಮೇಲೆ ಆತನಿಗೂ ಒಮ್ಮೆ ಕೂಗಿ ನೋಡುವ ಆಸೆಯಾಯಿತು. ಕೂಗಿದ. ಗಡಿಯಾರ ನಿಂತಿತು, ನಮ್ಮ ಡೊಂಬಿವಲಿ ಫಾಸ್ಟ್ ನಿಲ್ಲಲಿಲ್ಲ.

ಅಂದಿನಿಂದ ಮೂರು ಚೀಲ. ಗಡಿಯಾರದ ಮುಖ ಹಳೆಯ ಸೀರೆಯಲ್ಲಿ ಸುತ್ತಿ ನನ್ನ ಹೆಂಡತಿಯ ಬಳಿ. ಆರ್ಡುಯಿನೋ ಮತ್ತು ತಂತಿಗಳು ಮುಚ್ಚಳದಿಂದ ಒಳಗೆಲ್ಲ ಕಾಣುವ ಪ್ಲಾಸ್ಟಿಕ್ ಡಬ್ಬಿಯಲ್ಲಿ ನನ್ನ ಬಳಿ, ಸೆಲ್ಲು ತೆಗೆದು ಜೇಬಿನಲ್ಲಿ. ಲಾಳಿಕೆಯನ್ನು ಹುಡುಗಿಯೇ ಬಗಲಲ್ಲಿ ಇಟ್ಟುಕೊಳ್ಳುತ್ತಾಳೆ. ಅದರೊಳಗಿನ ಎಂಜಲನ್ನು ಅಂದೇ ಒರೆಸಿ ಒಣಗಿಸಿ, ಇಲ್ಲದಿದ್ದರೆ ಮುಂದಿನ ಶನಿವಾರಕ್ಕೆ ಮೈಕಿನ ಹತ್ತಿಗೆ ಬೂಸರು ಹಿಡಿದಿರುತ್ತದೆ.